ಬಲೂನು ಒಡೆಯುವುದೇಕೆ, ಒಡೆಯದಂತೆ ಊದುವುದು ಹೇಗೆ?

12 ಇಂಚಿನ ಲ್ಯಾಟೆಕ್ಸ್ ಬಲೂನನ್ನು 11 ಇಂಚಿಗೇ ನಿಲ್ಲಿಸಿ. ಕತ್ತಿನ ಕಡೆ ಉದ್ದಕ್ಕೆ ಉಬ್ಬಿದರೆ ಗಾಳಿ ಹೆಚ್ಚಾಗಿದೆ, ಸ್ವಲ್ಪ ಬಿಡಿ. ಸೂಜಿ ಮಾಡುವುದು ಬರೀ ತೂತು. ಸಿಡಿಸುವುದು ಬಿಗಿದ ರಬ್ಬರಿನಲ್ಲಿ ಕೂಡಿಟ್ಟ ಶಕ್ತಿ. ತೂತಿನ ಅಂಚಿನಿಂದ ಬಿರುಕು ಓಡುತ್ತದೆ, ಒಳಗಿನ ಒತ್ತಡ ಒಮ್ಮೆಲೇ ಬಿಡುಗಡೆಯಾಗಿ 'ಢಬ್' ಎನ್ನುತ್ತದೆ. ಚೂರುಗಳನ್ನು ನೋಡಿ: ಎರಡೇ ತುಂಡಾದರೆ ಬಿಗಿತ ಕಡಿಮೆಯಿತ್ತು, ಉದ್ದುದ್ದ ಪಟ್ಟಿಗಳಾಗಿದ್ದರೆ ವಿಪರೀತವಿತ್ತು.

ಸೆಲ್ಲೋಟೇಪ್ ಅಂಟಿಸಿ ಅದರ ಮೇಲೆ ಗುಂಡುಸೂಜಿ ಚುಚ್ಚಿ. ಬಿರುಕು ಹರಡದು, ಗಾಳಿ ನಿಧಾನಕ್ಕೆ ಸೋರುತ್ತದೆ, ಅಷ್ಟೆ.

ಬೆಂಗಳೂರಿನ ಏಪ್ರಿಲ್ ಮಧ್ಯಾಹ್ನ ತಾರಸಿಯಲ್ಲಿ ಬರ್ತ್‌ಡೇ ಇದ್ದರೆ ನೆರಳಲ್ಲಿ ಕಟ್ಟಿ. ತಾಪ 20ರಿಂದ 35 ಡಿಗ್ರಿಗೇರಿದರೂ ಗಾಳಿ ಹಿಗ್ಗುವುದು ಸುಮಾರು ಶೇ. 5ರಷ್ಟೇ, ನಿಜವಾದ ಶತ್ರು ರಬ್ಬರನ್ನೇ ಹಾಳುಮಾಡುವ ನೇರ ಬಿಸಿಲು. ಕಿತ್ತಳೆ ಸುಲಿದ ಕೈಯಲ್ಲಂತೂ ಮುಟ್ಟಲೇಬೇಡಿ: ಸಿಪ್ಪೆಯೆಣ್ಣೆಯ ಲಿಮೊನೀನ್ ಲ್ಯಾಟೆಕ್ಸನ್ನು ಮೆತ್ತಗಾಗಿಸಿ ಕರಗಿಸುತ್ತದೆ.