ಕಳಲೆಗೆ ಮೂರು ದಿನದ ನೀರು
ಹೋದ ಮಳೆಗಾಲದಲ್ಲಿ ನನ್ನ ತಮ್ಮನ ಮಗ ತೀರ್ಥಹಳ್ಳಿಯ ನಮ್ಮ ಮನೆಯಿಂದ ಎರಡು ಕಳಲೆ, ಅಂದರೆ ಬಿದಿರಿನ ಎಳೆ ಮೊಳಕೆ, ಬೆಂಗಳೂರಿಗೆ ಒಯ್ದ. ಅಂದೇ ರಾತ್ರಿ ಹೆಚ್ಚಿ, ಹುರಿದು ತಿಂದ. ತಲೆಸುತ್ತು, ವಾಂತಿ, ಬೆಳಕು ಹರಿದದ್ದು ಆಸ್ಪತ್ರೆಯಲ್ಲಿ. ಒಂದು ಫೋನು ಮಾಡಿ ಕೇಳಿದ್ದರೆ ಆಗುತ್ತಿತ್ತು. ಕೇಳದವರಿಗಾಗಿ ಬರೆಯುತ್ತಿದ್ದೇನೆ.

ಮೇಲಿನ ಸಿಪ್ಪೆಗಳನ್ನು ಬಿಳಿಯ ಎಳೆ ಭಾಗ ಸಿಗುವವರೆಗೆ ಬಿಡಿಸಿ. ಸಿಪ್ಪೆಯ ರೋಮ ತಾಗಿದರೆ ಕೈ ತುರಿಸುತ್ತದೆ. ಆಮೇಲೆ ತೆಳ್ಳಗೆ ಹೆಚ್ಚಿ. ತೆಳ್ಳಗೆ ಎನ್ನುವುದು ಅಂದಕ್ಕಲ್ಲ. ಕಳಲೆಯಲ್ಲಿ ಟ್ಯಾಕ್ಸಿಫಿಲಿನ್ ಎಂಬ ವಸ್ತುವಿದೆ. ಹೆಚ್ಚಿದಾಗ ಅದು ಕಳಲೆಯದೇ ಕಿಣ್ವದೊಂದಿಗೆ ಸೇರಿ ಒಡೆದು ಹೈಡ್ರೋಜನ್ ಸಯನೈಡ್ ಬಿಡುತ್ತದೆ. ಹೋಳು ಚಿಕ್ಕದಾದಷ್ಟೂ ವಿಷ ಹೊರಬರುವುದು ಸುಲಭ.

ಹೋಳು ಮುಳುಗುವಷ್ಟು ನೀರು ಹಾಕಿ ಮೂರು ದಿನ ಇಡಿ. ದಿನವೂ ನೀರು ಬದಲಿಸಲೇಬೇಕು. ನಾನು ಬೆಳಿಗ್ಗೆ, ಸಂಜೆ ಎರಡು ಹೊತ್ತೂ ಬದಲಿಸುತ್ತೇನೆ. ವಿಷ ನೀರಿಗಿಳಿಯುತ್ತದೆ, ಹಾಗೆಯೇ ಬಿಟ್ಟ ನೀರು ಹುಳಿತು ಲೋಳೆಯೂ ಆಗುತ್ತದೆ. ಮದುವೆಯಾಗಿ ಬಂದ ಹೊಸದರಲ್ಲಿ ಆ ನೀರನ್ನು ಕಲಗಚ್ಚಿನ ಬಾನಿಗೆ ಸುರಿಯಹೋಗಿ ಅತ್ತೆಯಿಂದ ಬೈಸಿಕೊಂಡಿದ್ದೆ: "ದನ ಕೊಲ್ಲುತ್ತೀಯಾ?" ಸಯನೈಡ್ ಎಂಬ ಶಬ್ದವನ್ನೇ ಕೇಳದವರು ಅವರು. ದನ ಬಾಯಿ ಹಾಕದ ಕಡೆ ಚೆಲ್ಲಿ.

ನಾಲ್ಕನೆಯ ದಿನ ಹೊಸ ನೀರಿನಲ್ಲಿ ಅರ್ಧ ಗಂಟೆ ಕುದಿಸಿ, ಆ ನೀರನ್ನೂ ಬಸಿದು ಚೆಲ್ಲಿ. ಪಾತ್ರೆಗೆ ಮುಚ್ಚಳ ಬೇಡ, ಕಿಟಕಿ ತೆರೆದಿರಲಿ. ಹೈಡ್ರೋಜನ್ ಸಯನೈಡ್ ಸುಮಾರು 26 ಡಿಗ್ರಿ ಸೆಲ್ಸಿಯಸ್‌ಗೇ ಕುದಿಯುವ ವಸ್ತು. ದಾರಿ ಬಿಟ್ಟರೆ ಆವಿಯ ಜೊತೆ ಹೋಗುತ್ತದೆ. ನೆನೆಸದೆ ಕುಕ್ಕರಿನಲ್ಲಿ ನಾಲ್ಕು ಸೀಟಿ ಕೂಗಿಸುವವರ ಜಾಣತನ ನನಗೆ ಒಪ್ಪಿಗೆಯಿಲ್ಲ. ಒಂದು ಹೋಳು ಬಾಯಿಗೆ ಹಾಕಿ "ಕಹಿಯೇ ಇಲ್ಲ" ಎನ್ನುವವರನ್ನೂ ನಂಬುವುದಿಲ್ಲ. ಎಣಿಸಬೇಕಾದದ್ದು ದಿನ.

ತಿಂದ ಮೇಲೆ ತಲೆನೋವು, ತಲೆಸುತ್ತು, ಏದುಸಿರು ಬಂದರೆ ಮಜ್ಜಿಗೆ, ನಿಂಬೆಹುಳಿ ಎಂದು ಕೂರದೆ ಆಸ್ಪತ್ರೆಗೆ ಹೋಗಿ, ಕಳಲೆ ತಿಂದದ್ದನ್ನು ವೈದ್ಯರಿಗೆ ಹೇಳಿ.

ಇಷ್ಟಾದರೆ ಹೆಸರುಕಾಳು, ತೆಂಗಿನತುರಿ ಹಾಕಿ ಪಲ್ಯ ಮಾಡಬಹುದು. ರಾತ್ರಿಗೆ ಮುಗಿಯುವಷ್ಟೇ ಮಾಡಿ. ಆರಿದ್ರಾ ಮಳೆಗೆ ನಮ್ಮಲ್ಲಿ ಎರಡೆರಡು ದಿನ ಕರೆಂಟು ಇರುವುದಿಲ್ಲ. ಫ್ರಿಜ್ ಆಗ ಬರಿಯ ಬೀರು.