ಬ್ಯಾರಿ ಸೀಲ್ ಬಗ್ಗೆ ಬರೆಯುವವರಿಗೆ: ಸಿನಿಮಾದಿಂದ ದಾಖಲೆಯನ್ನು ಬೇರ್ಪಡಿಸುವ ಬಗೆ

ವಿಮಾನ ಕಂಪನಿಯ ಪೈಲಟ್ ಕೊಕೇನ್ ಸಾಗಣೆಗೆ ಇಳಿದು, ಸಿಕ್ಕಿಬಿದ್ದು, ಸರ್ಕಾರದ ಮಾಹಿತಿದಾರನಾಗಿ, ಕೊನೆಗೆ ಗುಂಡೇಟಿಗೆ ಬಲಿಯಾದ ಕಥೆ ಬರೆಯುವವರನ್ನು ಸೆಳೆಯುವುದು ಸಹಜ. ಆದರೆ ಅಮೆರಿಕದ ಬ್ಯಾರಿ ಸೀಲ್ ಬಗ್ಗೆ ಬರುವ ಎಷ್ಟೋ ಬರಹಗಳು 2017ರ ‘ಅಮೆರಿಕನ್ ಮೇಡ್’ ಸಿನಿಮಾದ ಜಾಡನ್ನೇ ಹಿಡಿದಿರುತ್ತವೆ. ಹಾಗಾಗಿ ಸಿನಿಮಾ ಪಕ್ಕಕ್ಕಿಟ್ಟು ಒಂದು ಹಾಳೆಯಲ್ಲಿ ನಾಲ್ಕು ಅಂಕಣ ಎಳೆಯಿರಿ: ದಿನಾಂಕ, ಊರು, ನಡೆದದ್ದು, ಹೇಳಿದವರು ಯಾರು. ನಾಲ್ಕನೆಯದು ಖಾಲಿ ಉಳಿದ ಸಾಲು ಬರಹಕ್ಕೆ ಬರಬಾರದು.

ಮೊದಲ ಎಡವಟ್ಟು ಕೆಲಸ ಹೋದ ವಿಷಯದಲ್ಲೇ ಆಗುತ್ತದೆ. ಸಿನಿಮಾದಲ್ಲಿ 1978ರ ಹೊತ್ತಿಗೂ ಸೀಲ್ ಟಿಡಬ್ಲ್ಯುಎ ಎಂಬ ವಿಮಾನ ಕಂಪನಿಯ ಪೈಲಟ್. ಅಮೆರಿಕದ ಗೂಢಚಾರ ಸಂಸ್ಥೆ ಸಿಐಎ ಬಂದು ಕರೆದ ಮೇಲೆ ಕೆಲಸ ಬಿಡುತ್ತಾನೆ. ವಾಸ್ತವದಲ್ಲಿ 1972ರ ಜುಲೈನಲ್ಲೇ ಮೆಕ್ಸಿಕೊಗೆ ಸ್ಫೋಟಕ ಸಾಗಿಸುವ ಸಂಚಿನಲ್ಲಿ ಅವನ ಬಂಧನವಾಗಿತ್ತು. 1974ರಲ್ಲಿ ಮೊಕದ್ದಮೆ ಬಿದ್ದುಹೋಯಿತು, ಅಷ್ಟರಲ್ಲಿ ಕಂಪನಿ ಅವನನ್ನು ವಜಾ ಮಾಡಿತ್ತು. ಗಾಂಜಾ, ಆಮೇಲೆ ಕೊಕೇನ್ ಬಂದದ್ದು ಅದರ ನಂತರ. 1979ರ ಕೊನೆಯಲ್ಲಿ ಹೊಂಡುರಾಸ್‌ನಲ್ಲಿ ಜೈಲು ಕಂಡ. ‘ಬೇಸತ್ತ ಪೈಲಟ್ ಸಾಹಸಕ್ಕೆ ಹೊರಟ’ ಎಂಬ ಪೀಠಿಕೆ ಈ ಅನುಕ್ರಮದ ಮುಂದೆ ನಿಲ್ಲುವುದಿಲ್ಲ.

ಕೋರ್ಟಿನ ಭಾಗಕ್ಕೆ ಹೆಚ್ಚು ಸಮಯ ಕೊಡಿ. ಫೆಡರಲ್ ಮೊಕದ್ದಮೆಗಳು ಎರಡು ಕಡೆ ಇದ್ದವು, ಒಂದು ಫ್ಲೋರಿಡಾದಲ್ಲಿ, ಇನ್ನೊಂದು ಅವನ ಹುಟ್ಟೂರಾದ ಲೂಸಿಯಾನದ ಬ್ಯಾಟನ್ ರೂಜ್‌ನಲ್ಲಿ. ಇವೆರಡನ್ನು ಕಲಸಿಬಿಟ್ಟರೆ ಅವನ ಸಾವೇ ಅರ್ಥವಾಗುವುದಿಲ್ಲ. ಫ್ಲೋರಿಡಾದಲ್ಲಿ ನಿದ್ದೆಮಾತ್ರೆ ಸಾಗಿಸಿದ ಪ್ರಕರಣದಲ್ಲಿ 10 ವರ್ಷ ಶಿಕ್ಷೆಯಾಯಿತು. ಅದನ್ನು ತಪ್ಪಿಸಿಕೊಳ್ಳಲು 1984ರಲ್ಲಿ ಮಾದಕವಸ್ತು ನಿಗ್ರಹ ಸಂಸ್ಥೆ ಡಿಇಎಗೆ ಮಾಹಿತಿದಾರನಾದ. ಸಹಕಾರಕ್ಕೆ ಪ್ರತಿಯಾಗಿ ಆ ಶಿಕ್ಷೆ ಇಳಿಯಿತು. ಲೂಸಿಯಾನದ ಶಿಕ್ಷೆ ಫ್ಲೋರಿಡಾದ್ದನ್ನು ಮೀರಬಾರದೆಂಬ ಒಪ್ಪಂದವಿದ್ದದ್ದರಿಂದ ಅಲ್ಲಿನ ನ್ಯಾಯಾಧೀಶ ಫ್ರಾಂಕ್ ಪೊಲೊಜೋಲಾ ಅವರ ಕೈ ಕಟ್ಟಿಹೋಯಿತು. ಅವರು ಹಾಕಿದ ಷರತ್ತು ಇದು: ಆರು ತಿಂಗಳು, ದಿನಾ ಸಂಜೆ 6ರಿಂದ ಬೆಳಿಗ್ಗೆ 6ರವರೆಗೆ ಸಾಲ್ವೇಷನ್ ಆರ್ಮಿ ಎಂಬ ಕ್ರೈಸ್ತ ಸೇವಾಸಂಸ್ಥೆಯ ಕೇಂದ್ರದಲ್ಲಿರಬೇಕು, ಶಸ್ತ್ರಧಾರಿ ಅಂಗರಕ್ಷಕರು ಕೂಡದು. ಅವನು ಯಾರ ವಿರುದ್ಧ ಮಾಹಿತಿ ಕೊಟ್ಟಿದ್ದನೋ ಆ ಕೊಕೇನ್ ಜಾಲದ ಕೊಲೆಗಾರರು ಅವನನ್ನು ಹುಡುಕಿಕೊಂಡು ಅಲೆಯಬೇಕಿರಲಿಲ್ಲ, ಸಂಜೆ ಅಲ್ಲಿ ಕಾದರೆ ಸಾಕಿತ್ತು. 1986ರ ಫೆಬ್ರುವರಿ 19ರಂದು ಅದೇ ಆವರಣದಲ್ಲಿ, ಬಿಳಿ ಕ್ಯಾಡಿಲ್ಯಾಕ್ ಕಾರಿನಲ್ಲಿ ಕೂತಿದ್ದಾಗಲೇ ಗುಂಡು ಹಾರಿತು. 1987ರಲ್ಲಿ ಮೂವರು ಕೊಲಂಬಿಯನ್ನರಿಗೆ ಜೀವಾವಧಿ ಶಿಕ್ಷೆಯಾಯಿತು. ಈ ಷರತ್ತನ್ನು ಒಂದು ಸಾಲಿನಲ್ಲಿ ಮುಗಿಸಿ ಗುಂಡಿನ ಸದ್ದಿಗೆ ಎರಡು ಪುಟ ಕೊಡುವುದು ಅಡ್ಡದಾರಿ.

ಮಾಹಿತಿದಾರನಾಗಿ ಹೋದ ಸೀಲ್‌ನ ವಿಮಾನಕ್ಕೆ ಕೊಕೇನ್ ತುಂಬುವುದನ್ನು ತೋರಿಸುವ ಫೋಟೊಗಳಿಗೆ ಮೂರು ದಿನಾಂಕ ಬೇರೆಬೇರೆ ಬರೆದುಕೊಳ್ಳಿ. ತೆಗೆದದ್ದು 1984ರ ಜೂನ್, ನಿಕರಾಗುವಾದ ಮನಾಗುವಾ ಬಳಿಯ ಏರ್‌ಸ್ಟ್ರಿಪ್‌ನಲ್ಲಿ, ವಿಮಾನದೊಳಗೆ ಸಿಐಎ ಅಡಗಿಸಿಟ್ಟ ಕ್ಯಾಮೆರಾದಿಂದ. ಈ ಕಾರ್ಯಾಚರಣೆಯ ಗುಟ್ಟು ಹೊರಬಿದ್ದದ್ದು ಮರುತಿಂಗಳ 17ರಂದು, ವಾಷಿಂಗ್ಟನ್ ಟೈಮ್ಸ್ ಪತ್ರಿಕೆಯಲ್ಲಿ. ಅಧ್ಯಕ್ಷ ರೇಗನ್ ಒಂದು ಚಿತ್ರವನ್ನು ಟಿವಿಯಲ್ಲಿ ತೋರಿಸಿದ್ದು 1986ರ ಮಾರ್ಚ್ 16ರಂದು. ಆಗ ಸೀಲ್ ಸತ್ತು ತಿಂಗಳು ಸಮೀಪಿಸಿತ್ತು. ‘ರೇಗನ್ ಭಾಷಣವೇ ಅವನನ್ನು ಕೊಂದಿತು’ ಎಂದು ಬರೆಯುವವರು ಕ್ಯಾಲೆಂಡರ್ ನೋಡಿಲ್ಲ.

ಸಿಐಎ ನಂಟಿನ ವಿಷಯದಲ್ಲಿ ಕೈ ಬಿಗಿಹಿಡಿಯಿರಿ. 1984ರ ಕ್ಯಾಮೆರಾ ಕೆಲಸಕ್ಕೆ ದಾಖಲೆ ಇದೆ. ಸೀಲ್ ತನ್ನ ವಿಮಾನಗಳನ್ನು ಇಟ್ಟಿದ್ದ ಅರ್ಕಾನ್ಸಾದ ಮೀನಾ ವಿಮಾನ ನಿಲ್ದಾಣದಲ್ಲಿ ಅಕ್ರಮ ಚಟುವಟಿಕೆಯಲ್ಲಿ ತಾನು ಭಾಗಿಯಾಗಿರಲಿಲ್ಲ ಎಂದು ಸಿಐಎಯ ಆಂತರಿಕ ತನಿಖೆ 1996ರಲ್ಲಿ ಹೇಳಿತು. ಅದು ಸಂಸ್ಥೆ ತನ್ನ ಬಗ್ಗೆ ತಾನೇ ಹೇಳಿಕೊಂಡ ಮಾತು ಎಂಬುದನ್ನೂ ನಾಲ್ಕನೇ ಅಂಕಣದಲ್ಲಿ ಬರೆಯಿರಿ. ಹದಿಹರೆಯದಿಂದಲೇ ಗೂಢಚಾರನಾಗಿದ್ದ ಎಂಬಂಥ ಮಾತುಗಳನ್ನು ಬಿಟ್ಟರೆ ಬರಹಕ್ಕೇನೂ ನಷ್ಟವಿಲ್ಲ.

ಉಳಿದದ್ದು ವಿಮಾನ. ನಿಕರಾಗುವಾಗೆ ಹೋಗಿದ್ದ ಸಿ-123ಕೆ ಸರಕು ವಿಮಾನದ ನೋಂದಣಿ ಎನ್4410ಎಫ್, ವಾಯುಪಡೆಯ ಹಳೆಯ ಸಂಖ್ಯೆ 54-679. ಅಮೆರಿಕದ ನೋಂದಣಿಗಳನ್ನು ಅಲ್ಲಿನ ವಿಮಾನಯಾನ ಇಲಾಖೆಯ ಜಾಲತಾಣದಲ್ಲಿ ದುಡ್ಡು ಕೊಡದೆ ಹುಡುಕಬಹುದು. ಆದರೆ ಒಂದು ವಿಮಾನ ಬಿಟ್ಟ ನೋಂದಣಿಯನ್ನು ಮುಂದೆ ಇನ್ನೊಂದಕ್ಕೆ ಕೊಡುವುದುಂಟು, ಆದ್ದರಿಂದ ತಯಾರಿಕೆಯ ಕ್ರಮಸಂಖ್ಯೆಯನ್ನೂ ತಾಳೆ ನೋಡಿ. ಸೀಲ್ ಸತ್ತ ಮೇಲೆ ಇದೇ ವಿಮಾನ ನಿಕರಾಗುವಾ ಸರ್ಕಾರದ ವಿರುದ್ಧ ಹೋರಾಡುತ್ತಿದ್ದ ಕಾಂಟ್ರಾ ಬಂಡುಕೋರರಿಗೆ ಶಸ್ತ್ರ ಒಯ್ಯುತ್ತಿದ್ದಾಗ, 1986ರ ಅಕ್ಟೋಬರ್ 5ರಂದು ನಿಕರಾಗುವಾ ಸೈನಿಕರ ಕ್ಷಿಪಣಿಗೆ ಉರುಳಿತು. ಬದುಕಿ ಸಿಕ್ಕವನು ಯುಜೀನ್ ಹಾಸೆನ್‌ಫಸ್ ಒಬ್ಬನೇ. ಕೋಸ್ಟರಿಕಾದಲ್ಲಿ ಈಗ ರೆಸ್ಟೋರೆಂಟ್ ಆಗಿರುವ ಸಿ-123 ಇದಲ್ಲ. ಅದರ ಫೋಟೊ ಬಳಸುವುದಾದರೆ ‘ಅದೇ ಮಾದರಿಯ ಇನ್ನೊಂದು ವಿಮಾನ’ ಎಂದು ಅಡಿಬರಹ ಹಾಕಿ.