ಕಪ್ಪು ತಾಯಂದಿರ ಬಾಣಂತನ: ಅಜ್ಜಿಯರ ಕ್ರಮ, ಜೊತೆಗೊಂದು ಬಿಪಿ ಯಂತ್ರ

2023ರಲ್ಲಿ ಅಮೆರಿಕದ ಕಪ್ಪು ತಾಯಂದಿರ ಮರಣ ಪ್ರಮಾಣ ಲಕ್ಷ ಜೀವಂತ ಜನನಕ್ಕೆ 50.3, ಬಿಳಿಯರಲ್ಲಿ 14.5. ಬಸಿರು, ಹೆರಿಗೆಗಳಿಂದಾಗುವ ಸಾವುಗಳಲ್ಲಿ ಅರ್ಧಕ್ಕೂ ಹೆಚ್ಚು ಹೆರಿಗೆಯಾಗಿ ವಾರ ಕಳೆದ ಮೇಲೆ, ಅಂದರೆ ಬಹುಪಾಲು ಮನೆಗೆ ಬಂದ ಮೇಲೆ ಆಗುತ್ತವೆ. ಹಿಂದೆ ಆ ದಿನಗಳನ್ನು ಕಾಯುತ್ತಿದ್ದವರು ದಕ್ಷಿಣ ರಾಜ್ಯಗಳ 'ಗ್ರ್ಯಾನಿ ಮಿಡ್‌ವೈಫ್'ಗಳು, ಅಲ್ಲಿನ ಸೂಲಗಿತ್ತಿಯರು. ತಾಯಿ-ಮಕ್ಕಳ ಆರೋಗ್ಯಕ್ಕೆಂದು ಬಂದ 1921ರ ಶೆಪರ್ಡ್-ಟೌನರ್ ಕಾಯ್ದೆಯ ನಂತರ ತರಬೇತಿ, ಪರವಾನಗಿ ಎನ್ನುತ್ತ ಕೆಲವೇ ದಶಕಗಳಲ್ಲಿ ಅವರನ್ನು ಬದಿಗೆ ಸರಿಸಲಾಯಿತು. ಈಗ ಡೂಲಾಗಳು, ಅಂದರೆ ಬಸಿರು-ಬಾಣಂತನದಲ್ಲಿ ಜೊತೆಗಿದ್ದು ನೆರವಾಗುವ ತರಬೇತಿ ಪಡೆದವರು, ಆ ಆರೈಕೆಯನ್ನು ಮತ್ತೆ ಕಟ್ಟುತ್ತಿದ್ದಾರೆ. ನೀವು ಅಲ್ಲಿನ ಗೆಳತಿಯ, ಸೊಸೆಯ ಬಾಣಂತನಕ್ಕೆ ನಿಲ್ಲುವುದಾದರೆ ಹೀಗೆ ಮಾಡಿ.

ಮೊದಲು ಬಿಪಿ ಯಂತ್ರ. ತೋಳಿನ ನಡುಭಾಗದ ಸುತ್ತಳತೆ ತೆಗೆದುಕೊಂಡೇ ಪಟ್ಟಿ ಕೊಳ್ಳಿ. 27ರಿಂದ 34 ಸೆಂ.ಮೀ. ಇದ್ದರೆ ಸಾಮಾನ್ಯ ಪಟ್ಟಿ, 35ರಿಂದ 44 ಇದ್ದರೆ ದೊಡ್ಡದು. ಚಿಕ್ಕ ಪಟ್ಟಿ ಸುಳ್ಳೇ ಹೆಚ್ಚು ತೋರಿಸುತ್ತದೆ. ಮೂತ್ರ ಮಾಡಿ ಬಂದು, ಬೆನ್ನಿಗೆ ಆಸರೆ ಕೊಟ್ಟು, ಪಾದ ನೆಲಕ್ಕೂರಿ ಐದು ನಿಮಿಷ ಸುಮ್ಮನೆ ಕೂರಲಿ. ತೋಳು ಎದೆಯ ಮಟ್ಟದಲ್ಲಿ ಮೇಜಿನ ಮೇಲಿರಲಿ, ಪಟ್ಟಿ ಬರಿಮೈ ಮೇಲೆ ಇರಲಿ. ಮಾತು ಬೇಡ, ಕಾಫಿ ಕುಡಿದು ಅರ್ಧ ಗಂಟೆಯಾಗಿರಲಿ. ನಿಮಿಷದ ಅಂತರದಲ್ಲಿ ಎರಡು ಸಲ ನೋಡಿ, ಎರಡನ್ನೂ ಬರೆದಿಡಿ.

ಹೆರಿಗೆಯಾದ ಮೂರರಿಂದ ಆರನೇ ದಿನದೊಳಗೆ ಒತ್ತಡ ಅತಿ ಹೆಚ್ಚು ಏರುತ್ತದೆ. ಬಸಿರಿನಲ್ಲಿ ಬಿಪಿ ಇಲ್ಲದಿದ್ದವರಿಗೂ ಬರಬಹುದು. ಆದ್ದರಿಂದ ಮೊದಲ ಹತ್ತು ದಿನ ಬೆಳಿಗ್ಗೆ, ಸಂಜೆ ತಪ್ಪದೆ ನೋಡಿ. ಆಮೇಲೆ ಆರು ವಾರದವರೆಗೆ ಆಗಾಗ. 140/90 ದಾಟಿದರೆ ಅಂದೇ ವೈದ್ಯರಿಗೆ ಫೋನ್ ಮಾಡಿ. 160/110 ಕಂಡರೆ 15 ನಿಮಿಷಕ್ಕೆ ಮತ್ತೆ ನೋಡಿ. ಇಳಿಯದಿದ್ದರೆ ನೇರ ತುರ್ತು ಚಿಕಿತ್ಸೆಗೆ. ಜೊತೆಗೆ ತಲೆ ಸಿಡಿಯುತ್ತಿದ್ದರೆ, ಕಣ್ಣು ಮಂಜಾಗಿದ್ದರೆ ಆ 15 ನಿಮಿಷವನ್ನೂ ಕಾಯಬೇಡಿ.

ಊಟಕ್ಕೆ ಬೆಂಡೆಕಾಯಿ, ಅಲಸಂದೆ, ಎಲೆಕೋಸಿನ ಜಾತಿಯ ಕಾಲರ್ಡ್ ಸೊಪ್ಪು. ಬೆಂಡೆ, ಅಲಸಂದೆ ಎರಡೂ ಆಫ್ರಿಕಾದಿಂದ ಗುಲಾಮರ ಹಡಗುಗಳ ಕಾಲದಲ್ಲಿ ಅಮೆರಿಕಕ್ಕೆ ಬಂದವು, ನಮ್ಮ ಅಡುಗೆಮನೆಗೂ ಗುರುತಿನವು. ಒಂದು ಲೋಟ ಅಲಸಂದೆ ರಾತ್ರಿ ನೆನೆಸಿ, ಬೆಂದ ಮೇಲೆ ಒಂದು ಕಟ್ಟು ಹೆಚ್ಚಿದ ಸೊಪ್ಪು ಹಾಕಿ. ಅಲ್ಲಿ ರೂಢಿಯಲ್ಲಿರುವ ಹೊಗೆಯಾಡಿಸಿದ ಹಂದಿಮಾಂಸದಲ್ಲಿ ಉಪ್ಪು ವಿಪರೀತ. ಬಿಪಿ ಇದ್ದವರಿಗೆ ಅದರ ಬದಲು ಈರುಳ್ಳಿ, ಬೆಳ್ಳುಳ್ಳಿ, ಮೆಣಸು ಸಾಕು. ರಕ್ತ ಹೆಪ್ಪುಗಟ್ಟದಿರಲು ವಾರ್ಫರಿನ್ ತೆಗೆದುಕೊಳ್ಳುವವರು ಸೊಪ್ಪಿನ ಪ್ರಮಾಣವನ್ನು ದಿನಾ ಒಂದೇ ಅಳತೆಯಲ್ಲಿಡಬೇಕು, ಏಕೆಂದರೆ ಅದರಲ್ಲಿರುವ ವಿಟಮಿನ್ ಕೆ ಆ ಔಷಧಿಗೆ ಎದುರಾಗಿ ಕೆಲಸ ಮಾಡುತ್ತದೆ.

ಹೊಟ್ಟೆ ಕಟ್ಟಲು ಒಂದು ಗೇಣು ಅಗಲದ ಮೆತ್ತನೆ ಹತ್ತಿ ಬಟ್ಟೆ ಸಾಕು. ಸೊಂಟದ ಮೂಳೆಯಿಂದ ಶುರುಮಾಡಿ ಮೇಲಕ್ಕೆ ಸುತ್ತಿ. ಎರಡು ಬೆರಳು ಸಲೀಸಾಗಿ ತೂರಬೇಕು. ಮೇಲ್ಭಾಗ ಬಿಗಿಯಾದರೆ ಭಾರವೆಲ್ಲ ಕೆಳಗೆ ಒತ್ತಿ, ಕೆಮ್ಮಿದಾಗ ಮೂತ್ರ ಸೋರಬಹುದು. ಮಲಗುವಾಗ ಬಿಚ್ಚಿ. ಸಿಸೇರಿಯನ್ ಆಗಿದ್ದರೆ ವೈದ್ಯರು ಗಾಯ ನೋಡಿ ಒಪ್ಪುವವರೆಗೆ ಬೇಡವೇ ಬೇಡ.

ಹಳೆಯದೆಂದು ಎಲ್ಲವನ್ನೂ ಎತ್ತಿಕೊಳ್ಳಬಾರದು. ನೋವು ಬರಿಸಲು ಹರಳೆಣ್ಣೆ, ಬ್ಲೂ ಕೊಹೋಶ್ ಬೇರು ಬೇಡ; ಆ ಬೇರಿನಿಂದ ಮಗುವಿನ ಹೃದಯಕ್ಕೆ ಅಪಾಯವಾದ ಪ್ರಕರಣಗಳು ದಾಖಲಾಗಿವೆ. ನೋವು 'ಕತ್ತರಿಸಲಿ' ಎಂದು ಹಾಸಿಗೆಯಡಿ ಕತ್ತಿಯಿಡುವ ಪದ್ಧತಿಯಿಂದ ಯಾರಿಗೂ ತೊಂದರೆಯಿಲ್ಲ. ಬಾಣಂತಿ ಕೋಣೆಯಲ್ಲಿ ಕಬ್ಬಿಣವಿಡುವ ನಮ್ಮವರಿಗೆ ಅದು ವಿಚಿತ್ರವೂ ಅನಿಸದು. ಇಡಲಿ, ಮಕ್ಕಳ ಕೈಗೆ ಸಿಗದಂತೆ.

ಒಂದೇ ಗಂಟೆಯಲ್ಲಿ ಪ್ಯಾಡ್ ಪೂರ್ತಿ ನೆಂದರೆ, ಮೊಟ್ಟೆಗಿಂತ ದೊಡ್ಡ ರಕ್ತದ ಗಡ್ಡೆ ಹೋದರೆ, ಜ್ವರ 100.4 ಮುಟ್ಟಿದರೆ, ಒಂದೇ ಮೀನಖಂಡ ಊದಿ ನೋಯುತ್ತಿದ್ದರೆ ತಕ್ಷಣ ವೈದ್ಯರಿಗೆ ತಿಳಿಸಿ. ಉಸಿರು ಕಟ್ಟಿದರೆ, ಎದೆ ನೋವು ಬಂದರೆ, ಮಗುವಿಗೋ ತನಗೋ ಏನಾದರೂ ಮಾಡಿಕೊಳ್ಳುವ ಯೋಚನೆ ಬಂದರೆ ಅಲ್ಲಿನ ತುರ್ತು ಸಂಖ್ಯೆ 911ಕ್ಕೆ ಕರೆ ಮಾಡಿ. ಕರೆಯಲ್ಲೂ ಆಸ್ಪತ್ರೆಯಲ್ಲೂ ಮೊದಲು ಹೇಳಬೇಕಾದದ್ದು "ಇವಳಿಗೆ ಹೆರಿಗೆಯಾಗಿ ಇಷ್ಟು ದಿನವಾಗಿದೆ" ಎಂಬುದನ್ನು. ಆಮೇಲೆ ಬಿಪಿ ಬರೆದ ಹಾಳೆ ಕೊಡಿ. "ಸುಸ್ತಷ್ಟೆ, ಮನೆಗೆ ಹೋಗಿ" ಎಂದರೆ, ಯಾವ ಕಾಯಿಲೆ ಅಲ್ಲವೆಂದು, ಯಾವ ಪರೀಕ್ಷೆಯಿಂದ ಖಚಿತಪಡಿಸಿಕೊಂಡಿರಿ ಎಂದು ಕೇಳಿ, ಉತ್ತರವನ್ನು ದಾಖಲೆಯಲ್ಲಿ ಬರೆಸಿ. ಈ ಮಾತನ್ನು ನೋವಿನಲ್ಲಿರುವ ತಾಯಿ ಆಡಲಾರಳು, ಪಕ್ಕದಲ್ಲಿರುವವರೇ ಆಡಬೇಕು.